ಬೆಂಕಿ ಮಾರಿಯಾಳ ದಿನದ ಹಣ್ಣು

ಕೋಲ್ಡ್ ಸ್ಟೋರೇಜಿನಿಂದ ಫೋನು ಬಂದಾಗ ರೊಸಾಂದ ತೋಟದಲ್ಲಿ ಒಣಗಿದ ರಾಸ್ಬೆರಿ ಕಡ್ಡಿಗಳನ್ನು ಬುಡಕ್ಕೆ ಕತ್ತರಿಸುತ್ತಿದ್ದಳು. ನವೆಂಬರ್ ತಿಂಗಳ ಮೊದಲ ವಾರ. ಬೇಸಿಗೆಯಲ್ಲಿ ಹಣ್ಣು ಕೊಟ್ಟು ಸತ್ತ ಕಡ್ಡಿಯನ್ನು ತೆಗೆದುಹಾಕಿ, ಮುಂದಿನ ವರ್ಷ ಕೊಡಲಿರುವ ಕಡ್ಡಿಯನ್ನು ತಂತಿಗೆ ಕಟ್ಟುವ ಕೆಲಸ ಅದು. ಅರವತ್ತಮೂರು ತುಂಬಿದರೂ ಇದನ್ನು ಅವಳು ಇನ್ನೊಬ್ಬರ ಕೈಗೆ ಕೊಟ್ಟವಳಲ್ಲ. ಕೂಲಿಯವರು ಸತ್ತದ್ದನ್ನು ಬಿಟ್ಟು ಬದುಕಿದ್ದನ್ನು ಕತ್ತರಿಸುತ್ತಾರೆ ಅಂತ ಅವಳ ದೂರು.

"ಕೂಮ, ಸ್ವಲ್ಪ ಕೆಳಗೆ ಬಂದು ಹೋಗ್ತೀರಾ?" ಅಂದ ವೂಕೊಮಾನ್ ಫೋನಿನಲ್ಲಿ. "ಜರ್ಮನಿಯಿಂದ ಒಬ್ಬಳು ಬಂದಿದಾಳೆ. ಏನೋ ಎರಡು ಪ್ರಶ್ನೆ ಕೇಳ್ಬೇಕಂತೆ. ಹೌದು ಅಂದ್ರೆ ಮುಗೀತು."

"ಏನಕ್ಕೆ ಹೌದು ಅನ್ಬೇಕು?"

"ಅವಳು ಕೇಳಿದ್ದಕ್ಕೆ."

ಕೋಲ್ಡ್ ಸ್ಟೋರೇಜಿನ ಮಾಲೀಕ ವೂಕೊಮಾನ್ ಅವಳಿಗೆ ಕೂಮ. ಅಂದರೆ ಮೂವತ್ನಾಲ್ಕು ವರ್ಷದ ಹಿಂದೆ ಅವಳ ಮಗ ಒಬ್ರೆನ್‌ನನ್ನು ಚರ್ಚಿನಲ್ಲಿ ತೋಳ ಮೇಲೆ ಎತ್ತಿಕೊಂಡು ಜ್ಞಾನಸ್ನಾನ ಮಾಡಿಸಿ ಹೆಸರಿಟ್ಟವನು; ಅಂದಿನಿಂದ ಇಬ್ಬರೂ ಒಬ್ಬರಿಗೊಬ್ಬರು ಕೂಮ. ಆಕಾಶದಲ್ಲಿ ದೇವರು, ನೆಲದ ಮೇಲೆ ಕೂಮ ಅಂತ ಆ ಕಡೆ ಗಾದೆ. ಒಡಹುಟ್ಟಿದವರ ಮೇಲೆ ಕೋರ್ಟಿಗೆ ಹೋದವರು ಬೇಕಾದಷ್ಟು ಸಿಗುತ್ತಾರೆ, ಕೂಮನ ಮುಂದೆ ದನಿ ಎತ್ತರಿಸಿದವರು ಮಾತ್ರ ಸಿಗುವುದಿಲ್ಲ. ಅವನು ಕರೆದ ಅಂತ ಅವಳು ಕತ್ತರಿಯನ್ನು ಕಂಬಕ್ಕೆ ಸಿಕ್ಕಿಸಿ, ತಲೆವಸ್ತ್ರ ಬದಲಿಸಿ ಇಳಿದು ಹೊರಟಳು.

ಯಾಸೆನ್ ಅನ್ನುವ ಆ ಊರು ಗುಡ್ಡದ ನೆತ್ತಿಯಲ್ಲಿದೆ, ಸ್ಟೋರೇಜು ಕಣಿವೆಯ ತಳದಲ್ಲಿ. ಮೇಲೆ ಬೆಳೆದದ್ದೆಲ್ಲ ಕೆಳಗೆ ಇಳಿಯಲೇಬೇಕು, ಇಳಿದ ಮೇಲೆ ಬೆಲೆ ಹೇಳುವವರು ಬೇರೆ. ಸೆರ್ಬಿಯದ ಈ ಗುಡ್ಡಗಳ ರಾಸ್ಬೆರಿ ಹೆಪ್ಪುಗಟ್ಟಿ, ಲಾರಿ ಹತ್ತಿ, ಜರ್ಮನಿ ಫ್ರಾನ್ಸುಗಳ ಕೇಕಿನೊಳಗೆ, ಮೊಸರಿನೊಳಗೆ, ಜಾಮಿನೊಳಗೆ ಹೋಗಿ ಕೂರುತ್ತದೆ. ಬೆಳೆದವರು ಅದನ್ನು ಕೆಂಪು ಚಿನ್ನ ಅನ್ನುತ್ತಾರೆ. ಕೊಳ್ಳುವವರ ಬಾಯಲ್ಲಿ ಆ ಮಾತು ಒಂದು ದಿನವೂ ಬಂದದ್ದಿಲ್ಲ. ಬೆಳೆದವರ ಭಾಷೆಯಲ್ಲಿ ಹಣ್ಣಿಗೆ ಮಲಿನಾ ಅಂತ ಹೆಸರು. ನಮ್ಮ ಕಿವಿಗೆ ಅದು ಹೇಗೆ ಕೇಳುತ್ತದೆ ಅಂತ ಅವರಿಗೆ ಗೊತ್ತಿಲ್ಲ, ಗೊತ್ತಾಗದಿರುವುದೇ ಒಳ್ಳೆಯದು.

ಒಂದೊಂದು ಕ್ರೇಟಿನ ಮೇಲೂ ಬೆಳೆದವರ ನಂಬರಿನ ಚೀಟಿ ಇರುತ್ತದೆ. ರೊಸಾಂದಳ ನಂಬರು ನಾನೂರ ಹದಿನೇಳು. ಗಂಡ ಇದ್ದಾಗಲೂ ಅದು ಅವಳ ಹೆಸರಿನಲ್ಲೇ ಇತ್ತು. ಇಷ್ಟು ವರ್ಷದಲ್ಲಿ ಆ ನಂಬರಿನ ಒಂದು ಕ್ರೇಟೂ ವಾಪಸು ಬಂದದ್ದಿಲ್ಲ. ತೂಕದವನು ನಾನೂರ ಹದಿನೇಳಾ, ಮುಚ್ಚಳ ತೆಗೆಯೋದು ಬೇಡ, ಒಳಗೆ ಕಳಿಸು ಅನ್ನುತ್ತಿದ್ದ. ಆ ಮಾತು ಕೇಳುವುದಕ್ಕೇ ಅವಳು ಎಷ್ಟೋ ದಿನ ತಾನೇ ಟ್ರ್ಯಾಕ್ಟರಿನ ಹಿಂದೆ ಕೂತು ಇಳಿದು ಬರುತ್ತಿದ್ದಳು. ಹೆಮ್ಮೆ ಅನ್ನಿ, ಜಂಭ ಅನ್ನಿ. ಬಡವರಿಗೆ ಅದಾದರೂ ಇರಬೇಡವೇ?

ಮೇಜಿನ ಆ ಕಡೆ ಕೂತಿದ್ದ ಹೆಂಗಸಿನ ಹೆಸರು ಫ್ರೌ ಎಗ್ಗರ್ಸ್, ಅಂದರೆ ಶ್ರೀಮತಿ ಎಗ್ಗರ್ಸ್. ಹಣ್ಣು ಕೊಳ್ಳುವ ಜರ್ಮನ್ ಕಂಪನಿಯವಳು. ಸಣ್ಣಗೆ, ಬೆಳ್ಳಗೆ, ಕೋಪವೂ ಇಲ್ಲದ ನಗುವೂ ಇಲ್ಲದ ಮುಖ. ಪಕ್ಕದಲ್ಲಿ ಬೆಲ್‌ಗ್ರೇಡಿನಿಂದ ಕರೆತಂದ ದುಭಾಷಿ ಹುಡುಗಿ. ವೂಕೊಮಾನ್ ಕಿಟಕಿಗೆ ಬೆನ್ನು ಕೊಟ್ಟು ನಿಂತಿದ್ದ.

"ತಾವು ಜುಲೈ ಮೂವತ್ತರಂದು ಮುನ್ನೂರ ಹತ್ತು ಕಿಲೋ ಹಣ್ಣು ತಂದುಕೊಟ್ಟಿದ್ದೀರಿ. ಇದು ಸರಿಯೇ?" ಅಂತ ಹುಡುಗಿ ಕೇಳಿದಳು.

"ಯಾವತ್ತು?"

"ಜುಲೈ ಮೂವತ್ತು."

ರೊಸಾಂದ ನಕ್ಕುಬಿಟ್ಟಳು. "ನೀನು ಪಟ್ಟಣದೋಳು, ನಿನಗೆ ಗೊತ್ತಿರಲ್ಲ ಬಿಡು. ಮನೆಗೆ ಹೋಗಿ ನಿಮ್ಮಜ್ಜೀನ ಕೇಳು, ಜುಲೈ ಮೂವತ್ತು ಏನು ಅಂತ."

"ಗೊತ್ತು," ಅಂದಳು ಹುಡುಗಿ ಮೆಲ್ಲಗೆ. "ಬೆಂಕಿ ಮಾರಿಯಾಳ ದಿನ."

"ಗೊತ್ತಿದ್ದೂ ಕೇಳ್ತೀಯಲ್ಲ. ಅವಳಿಗೆ ಹೇಳು ಮತ್ತೆ."

ವೂಕೊಮಾನ್ ಕೆಮ್ಮಿದ. ಆ ಕೆಮ್ಮಿನ ಅರ್ಥ ಅವಳಿಗೆ ಆಗ ಆಗಲಿಲ್ಲ.

ಬೆಂಕಿ ಮಾರಿಯಾ ಕ್ಯಾಲೆಂಡರಿನ ಕೆಂಪಕ್ಷರದ ದೇವತೆ, ಸಿಟ್ಟಿನವಳು. ಅವಳ ದಿನ ಹೊಲಕ್ಕೆ ಕಾಲಿಟ್ಟವರ ಬಣವೆಗೆ ಬೆಂಕಿ ಬೀಳುತ್ತದೆ, ಹಣ್ಣಿಗೆ ಕೈ ಹಾಕಿದವರ ಕೈ ಸುಡುತ್ತದೆ. ತಗ್ಗಿನ ಊರುಗಳಲ್ಲಿ ಆ ಹೊತ್ತಿಗೆ ಕೊಯ್ಲು ಮುಗಿದಿರುತ್ತದೆ, ಅವರಿಗೆ ಭಕ್ತಿ ಸುಲಭ. ಯಾಸೆನ್‌ನಲ್ಲಿ ಹಣ್ಣು ತಡವಾಗಿ ಬರುವುದರಿಂದ ಆ ದಿನ ಗಿಡಗಳು ತುಂಬಿ ನಿಂತಿರುತ್ತವೆ. ರಾಸ್ಬೆರಿ ಒಂದು ದಿನ ಕಾಯುವ ಹಣ್ಣಲ್ಲ, ಇವತ್ತು ಕೀಳದಿದ್ದರೆ ನಾಳೆ ಬೆಳಗ್ಗೆ ನೆಲದ ಮೇಲೆ. ಆದರೂ ಊರಿಗೆ ಊರೇ ಕೈ ಕಟ್ಟಿ ಕೂರುತ್ತದೆ. ಉದುರಿದ್ದು ಮಾರಿಯಾಳ ಪಾಲು. ಹುಳಿ ಹಿಟ್ಟಿನ ರೊಟ್ಟಿ, ಗಿಣ್ಣಿನ ಕಡುಬು ಹೊತ್ತುಕೊಂಡು ಎಲ್ಲ ಚರ್ಚಿನ ಮುಂದಿನ ಲಿಂಡನ್ ಮರದ ಕೆಳಗೆ ಸೇರುತ್ತಾರೆ. ಕಳೆದ ಜುಲೈನಲ್ಲೂ ಸೇರಿದ್ದರು. ರೊಸಾಂದ ಎರಡು ತಟ್ಟೆ ಕಡುಬು ಒಯ್ದಿದ್ದಳು.

ಜರ್ಮನ್ ಹೆಂಗಸು ಎಲ್ಲ ಕೇಳಿಸಿಕೊಂಡು, "ಇದು ಎಲ್ಲಾದರೂ ಬರೆದಿದೆಯೇ?" ಅಂತ ಕೇಳಿದಳು.

ರೊಸಾಂದ ಗೋಡೆಗೆ ತೂಗುಹಾಕಿದ್ದ ಚರ್ಚಿನ ಕ್ಯಾಲೆಂಡರನ್ನು ಇಳಿಸಿ, ಜುಲೈ ತೆರೆದು, ಕೆಂಪಕ್ಷರದ ಮೇಲೆ ಬೆರಳಿಟ್ಟು ತೋರಿಸಿದಳು. ಫ್ರೌ ಎಗ್ಗರ್ಸ್ ಬಗ್ಗಿ ನೋಡಿದಳು.

"ಕೆಲಸ ಮಾಡಬಾರದು ಅಂತ ಇದೆ. ಮಾಡಲಿಲ್ಲ ಅಂತ ಇಲ್ಲ."

ಆಮೇಲೆ ವಿಷಯ ಹೊರಗೆ ಬಂತು. ಜರ್ಮನಿಯ ಒಂದು ವೃದ್ಧಾಶ್ರಮದಲ್ಲಿ ಊಟದ ಕೊನೆಗೆ ರಾಸ್ಬೆರಿ ಹಾಕಿದ ಮೊಸರು ಕೊಟ್ಟಿದ್ದಾರೆ. ನಲವತ್ತಮೂರು ಮಂದಿಗೆ ವಾಂತಿ ಭೇದಿ, ಇಬ್ಬರು ಹೋದರು. ಹಣ್ಣಿನ ಪೊಟ್ಟಣ ಹುಡುಕುತ್ತ ಹಿಂದೆ ಹಿಂದೆ ಬಂದರೆ ಅದು ಜುಲೈ ಮೂವತ್ತರ ಹಣ್ಣು. ಆ ದಿನ ಹಣ್ಣು ಕೊಟ್ಟವರು ಅಂತ ಕಾಗದದಲ್ಲಿ ಇರುವುದು ಹನ್ನೆರಡು ನಂಬರು, ಎಲ್ಲ ಯಾಸೆನ್‌ನವರದೇ. ಮೊದಲನೆಯದು ನಾನೂರ ಹದಿನೇಳು.

"ಹನ್ನೆರಡರಲ್ಲಿ ಯಾರ ತೋಟದ್ದು ಅಂತ ತಿಳಿದರೆ ಆ ಒಂದು ನಂಬರು ತೆಗೆದುಹಾಕುತ್ತೇವೆ. ಉಳಿದವರಿಂದ ಕೊಳ್ಳುತ್ತೇವೆ. ಕಾಗದವೇ ಸುಳ್ಳು ಅಂತಾದರೆ ಈ ಸ್ಟೋರೇಜಿನಿಂದ ಒಂದು ಕಿಲೋ ಕೂಡ ಕೊಳ್ಳುವುದಿಲ್ಲ," ಅಂತ ಹುಡುಗಿ ಅನುವಾದ ಮಾಡಿದಳು.

ಹನ್ನೊಂದು ಹೆಸರು ಓದಿ ಹೇಳಿದಾಗ ರೊಸಾಂದಳಿಗೆ ಧೈರ್ಯವೇ ಬಂತು. ಎಲ್ಲ ಅವಳ ಜೊತೆ ಮರದ ಕೆಳಗೆ ಕೂತವರು. "ಇವರೆಲ್ಲ ಅವತ್ತು ನಾನು ಮಾಡಿದ ಕಡುಬು ತಿಂದಿದಾರೆ. ಈಗಲೇ ಕರೆಸಿ ಕೇಳಿ. ಮಾರಿಯಾಳ ವಿಷಯದಲ್ಲಿ ಯಾಸೆನ್‌ನೋರು ಸುಳ್ಳು ಹೇಳಲ್ಲ." ಹೀಗೆ ತನ್ನ ಗುಂಡಿಯನ್ನು ತಾನೇ ತೋಡಿದಳು. ಪಾಪ, ಅಂಥ ಕೆಲಸ ನಂಬಿದವರೇ ಮಾಡುವುದು.

ಮಧ್ಯಾಹ್ನ ಒಬ್ಬೊಬ್ಬರಾಗಿ ಒಳಗೆ ಬಂದರು. ರೊಸಾಂದ ಮೂಲೆಯ ಕುರ್ಚಿಯಲ್ಲಿ ಕೂತಿದ್ದಳು.

ಮೊದಲು ಬಂದವಳು ಎದುರು ಮನೆಯ ಮಿಲುಂಕ. ಪ್ರಶ್ನೆ ಕೇಳಿ, ಮೇಜು ನೋಡಿ, ಬೂಟು ನೋಡಿಕೊಂಡು, "ಕಿತ್ತೆ," ಅಂದಳು.

"ಏನಂದೆ?" ರೊಸಾಂದ ಎದ್ದೇಬಿಟ್ಟಳು.

"ಕಿತ್ತೆ ಅಂದೆ ಕಣೇ. ಬೆಳಗ್ಗೆ ಬೇಗ ಎದ್ದು ಕಿತ್ತೆ. ನಿನಗೆ ಕಾಣಲಿಲ್ಲ ಅಂದ್ರೆ ನಾನೇನು ಮಾಡ್ಲಿ."

ಎರಡನೆಯವನು ಸ್ತಾನಿಮಿರ್, ಚರ್ಚಿನ ಗಂಟೆ ಹೊಡೆಯುವವನು. ಮೇಣದ ಬತ್ತಿ ಮಾರುವವನೂ ಅವನೇ, ಹಬ್ಬದ ದಿನ ಹೊಲಕ್ಕೆ ಹೋದವರನ್ನು ಹೆಸರು ಹಿಡಿದು ಬೈಯುವವನೂ ಅವನೇ. ಎಷ್ಟು ಕಿತ್ತೆ ಅಂತ ಕೇಳಿದರೆ ಕಾಗದದಲ್ಲಿ ಇರುವುದಕ್ಕಿಂತ ಇಪ್ಪತ್ತು ಕಿಲೋ ಜಾಸ್ತಿ ಹೇಳಿದ. ಹೇಗೂ ಪಾಪ ಬಂತಲ್ಲ, ಪೂರ್ತಿಯೇ ಬರಲಿ ಅಂದುಕೊಂಡನೋ ಏನೋ.

ಹೀಗೆ ಹತ್ತು ಮಂದಿ. ಕೊನೆಯವನು ರಾದೊಯೆ, ಅವಳ ಗಂಡನ ತಮ್ಮ. ಅವನ ಹೆಂಡತಿ ದೆಸಾಂಕ, ರೊಸಾಂದಳ ಓರಗಿತ್ತಿ, ಬಾಗಿಲ ಹೊರಗೇ ನಿಂತಳು. ಮೈದುನ ಟೋಪಿ ತೆಗೆದು ಎರಡು ಕೈಯಲ್ಲಿ ತಿರುಗಿಸುತ್ತ, "ಅತ್ತಿಗೆಗೆ ವಯಸ್ಸಾಯ್ತು," ಅಂದ. "ಮರೆತಿರ್ತಾಳೆ. ನಮ್ಮ ತೋಟದಿಂದ ನೋಡಿದೆ ನಾನು. ಅವಳೂ ಕೀಳ್ತಾ ಇದ್ಲು."

ಉಳಿದವರು ತಮ್ಮ ಪಾಪವನ್ನಷ್ಟೇ ಹೊತ್ತುಕೊಂಡು ಹೋದರು, ಇವನು ಅವಳ ತಲೆಗೂ ಒಂದಿಷ್ಟು ಕಟ್ಟಿ ಹೋದ.

ಫ್ರೌ ಎಗ್ಗರ್ಸ್ ಕಾಗದ ಜೋಡಿಸಿಟ್ಟು ಹೇಳಿದಳು, "ಹನ್ನೊಂದು ಜನ ಕಾಗದ ಸರಿ ಅನ್ನುತ್ತಾರೆ. ನೀವೊಬ್ಬರೇ ಅಲ್ಲ ಅನ್ನುತ್ತೀರಿ. ನಾಳೆ ಒಂಬತ್ತಕ್ಕೆ ನಾನು ಹೊರಡುತ್ತೇನೆ. ನಿಮ್ಮ ಮಾತಿನ ಮೇಲೆ ನಿಲ್ಲುವುದಾದರೆ ಅಷ್ಟರೊಳಗೆ ಬಂದು ಬರೆದು ಸಹಿ ಮಾಡಿ. ಆ ಕಾಗದ ನಿಮ್ಮ ದೇಶದ ಪೊಲೀಸರಿಗೆ ಹೋಗುತ್ತದೆ. ಯಾರು ಬರೆದರು, ಯಾಕೆ ಬರೆದರು ಅಂತ ಅವರು ಹುಡುಕುತ್ತಾರೆ."

"ಬರ್ತೀನಿ," ಅಂದಳು ರೊಸಾಂದ.

ಅಂಗಳದಲ್ಲಿ ಹನ್ನೊಂದು ಜನವೂ ಇದ್ದರು, ಮನೆಗೆ ಹೋಗಲೂ ಆಗದೆ ನಿಲ್ಲಲೂ ಆಗದೆ. ಅವಳು ನೇರ ಮಿಲುಂಕಳ ಮುಂದೆ ಹೋಗಿ ನಿಂತಳು.

"ನನ್ನ ತಟ್ಟೆಯಿಂದ ಕಡುಬು ತಿಂದ ಬಾಯಿ ಅದು."

"ತಿಂದೆ. ಚೆನ್ನಾಗಿತ್ತು. ಉಪ್ಪು ಸ್ವಲ್ಪ ಮುಂದಾಗಿತ್ತು," ಅಂದಳು ಮಿಲುಂಕ. "ಏನು ಹೇಳ್ಬೇಕಿತ್ತು ಹೇಳು? ನಾವ್ಯಾರೂ ಕೀಳ್ಲಿಲ್ಲ, ನಮ್ಮ ನಂಬರಿಗೆ ವೂಕೊಮಾನ್ ಯಾರದ್ದೋ ಹಣ್ಣು ತುಂಬಿದ ಅಂತಾನಾ? ಆಮೇಲೆ ಮುಂದಿನ ವರ್ಷ ಹಣ್ಣು ಎಲ್ಲಿಗೆ ಹಾಕ್ತೀಯ? ನದಿಗಾ?"

"ಮಾರಿಯಾ ಇದಾಳೆ ನೋಡ್ಕೊಳ್ಳೋಕೆ."

"ಮಾರಿಯಾ ಕ್ಷಮಿಸ್ತಾಳೆ ಕಣೇ. ಮೇಣದ ಬತ್ತಿ ಹಚ್ಚಿ ಅತ್ರೆ ಕ್ಷಮಿಸ್ತಾಳೆ. ಜರ್ಮನಿ ಕ್ಷಮಿಸಲ್ಲ."

ಯಾರೋ ಹಿಂದಿನಿಂದ ಸಣ್ಣಗೆ ನಕ್ಕರು. ನಗು ಬಂದದ್ದಕ್ಕೇ ನಾಚಿ ಸುಮ್ಮನಾದರು. ಸ್ತಾನಿಮಿರ್ ಮಾತ್ರ ಹತ್ತಿರ ಬಂದು, "ರೊಸಾಂದ, ನೀನೂ ಹೌದು ಅಂದುಬಿಡು. ಊರೆಲ್ಲ ಒಟ್ಟಿಗೆ ಮಾಡಿದ ಪಾಪ ಹಂಚಿಹೋಗುತ್ತೆ," ಅಂದ, ಪಾಪವನ್ನೂ ಕಿಲೋ ಲೆಕ್ಕದಲ್ಲಿ ತೂಗುವವನ ಹಾಗೆ.

"ನಿನ್ನ ಪಾಲು ನೀನೇ ಇಟ್ಕೊ. ಇಪ್ಪತ್ತು ಕಿಲೋ ಜಾಸ್ತಿ ಬರ್ಸಿದೀಯಲ್ಲ," ಅಂದು ಅವಳು ಗುಡ್ಡದ ದಾರಿ ಹಿಡಿದಳು.

ಸಂಜೆ ಇನ್ನೂ ಬೆಳಕಿರುವಾಗಲೇ ವೂಕೊಮಾನ್ ಮೇಲೆ ಬಂದ. ಕೂಮನ ಮನೆಗೆ ಬರಿಗೈಯಲ್ಲಿ ಬರುವಂತಿಲ್ಲ, ಕಾಫಿ ಪುಡಿ, ಸಕ್ಕರೆ, ಒಂದು ಬಾಟಲಿ ಪ್ಲಮ್ ಸಾರಾಯಿ ತಂದಿದ್ದ. ರೊಸಾಂದ ಬಾಗಿಲು ತೆಗೆದಳು. ಕೂರಿ ಅನ್ನಲಿಲ್ಲ. ಅವನು ತಾನಾಗಿ ಒಲೆಯ ಹತ್ತಿರ ಕೂತ.

"ಕೂಮ, ನನ್ನ ಮೇಲೆ ಸಿಟ್ಟಿದೆ ನಿಮಗೆ. ಇರ್ಬೇಕಾದ್ದೇ. ಆದ್ರೆ ನನ್ನ ಮಾತೂ ಒಂಚೂರು ಕೇಳಿ. ಅಲ್ಲಿ ಅವರು ಹೇಳೋ ಬೆಲೆಗೆ ನಮ್ಮ ಹಣ್ಣೇ ಕೊಡ್ತಾ ಹೋದ್ರೆ ನಾನು ಬಾಗಿಲು ಹಾಕ್ಬೇಕು. ಎಲ್ಲ ಸ್ಟೋರೇಜಿನೋರೂ ಸ್ವಲ್ಪ ಹೊರಗಿನದ್ದು ಬೆರೆಸ್ತಾರೆ. ಹೊರಗಿನ ಹಣ್ಣಿಗೆ ನಮ್ಮ ಗುಡ್ಡದ ಹೆಸರು ಕೊಟ್ರೆ ಅಲ್ಲಿ ಎರಡರಷ್ಟು ಕೊಡ್ತಾರೆ. ಆ ದುಡ್ಡಿನಲ್ಲೇ ಅಲ್ವಾ ನಿಮ್ಮೆಲ್ಲರ ಹಣ್ಣಿಗೆ ನಾಲ್ಕು ಕಾಸು ಜಾಸ್ತಿ ಸಿಗೋದು?"

"ನಿಮ್ಮಷ್ಟು ಉಪಕಾರ ಮಾಡೋರು ಇನ್ನಿಬ್ಬರಿದ್ರೆ ಊರೇ ಸ್ಮಶಾನಕ್ಕೆ ಹೋಗ್ತಿತ್ತು," ಅಂದಳು. "ಇಬ್ಬರು ಸತ್ತಿದಾರೆ."

"ಮುದುಕರು."

"ನಾನೂ ಮುದುಕಿನೇ."

ಅವನು ಬಾಟಲಿಯ ಮುಚ್ಚಳ ತಿರುಗಿಸಿದ. "ನಾಳೆ ಏನು ಮಾಡ್ಬೇಕು ಅಂತಿದೀರಿ?"

"ಬರೀತೀನಿ. ನಾನೂರ ಹದಿನೇಳು ಯಾರಪ್ಪನ ಮನೆ ಗಂಟೂ ಅಲ್ಲ, ನನ್ನದು. ಅದಕ್ಕೆ ಯಾರು ವಿಷ ಸವರಿದ್ರೋ ಅವರನ್ನ ಪೊಲೀಸರು ಹುಡುಕಲಿ. ನೀನೇ ಆದ್ರೂ ಸರಿ." ಮೂವತ್ನಾಲ್ಕು ವರ್ಷದಲ್ಲಿ ಅವಳು ಅವನನ್ನು ನೀನು ಅಂದದ್ದು ಅದೇ ಮೊದಲು. ಇಬ್ಬರಿಗೂ ಕೇಳಿಸಿತು.

ವೂಕೊಮಾನ್ ಎದ್ದ. ಸಿಟ್ಟು ಮಾಡಿಕೊಳ್ಳಲಿಲ್ಲ, ಅದೇ ಅವಳಿಗೆ ಹೆದರಿಕೆ ಹುಟ್ಟಿಸಿದ್ದು. ಬಾಗಿಲಲ್ಲಿ ನಿಂತು, "ಬರೆಯೋ ಮೊದಲು ಒಬ್ರೆನ್‌ನ ಒಂದು ಮಾತು ಕೇಳಿ," ಅಂದ. "ನಾನು ಕೈ ಬಿಡಲ್ಲ ಅವನನ್ನ. ನೀವೇ ಬಿಡಬೇಡಿ."

ಒಬ್ರೆನ್ ಸ್ಟೋರೇಜಿನ ಲಾರಿ ಓಡಿಸುತ್ತಾನೆ. ಮದುವೆಯಾಗಿಲ್ಲ, ರಸ್ತೆಯಲ್ಲೇ ಇರುವವನಿಗೆ ಹೆಣ್ಣು ಕೊಡುವವರಿಲ್ಲ. ಅವನು ಬಂದಾಗ ತಾಯಿ ಹುರುಳಿಕಾಯಿ ಸಾರಿನ ಪಾತ್ರೆಯನ್ನು ಮೇಜಿನ ಮೇಲಿಟ್ಟಳು, ತಟ್ಟೆ ಇಡಲಿಲ್ಲ. ಕೂಮ ತಂದ ಬಾಟಲಿ ಅಲ್ಲೇ ಇತ್ತು. ಅದನ್ನು ನೋಡಿದ ಕೂಡಲೇ ಅವನ ಮುಖ ಇಳಿಯಿತು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಅನ್ನುತ್ತಾರಲ್ಲ, ಇಲ್ಲಿ ಕಳ್ಳ ಅನ್ನುವ ಮೊದಲೇ ಕೈ ಹೆಗಲಿಗೆ ಹೋಗಿತ್ತು.

"ಹೇಳು," ಅಂದಳು.

"ಏನು ಹೇಳ್ಲಿ?"

"ನಿನ್ನ ಕೂಮ ನಿನ್ನನ್ನ ಕೇಳು ಅಂದ."

ಒಬ್ರೆನ್ ಜಾಕೆಟ್ಟೂ ಬಿಚ್ಚದೆ ಕೂತ. "ನಾನೇ ತಂದೆ ಅಮ್ಮ. ಆಗಸ್ಟ್ ಮೊದಲ ವಾರ. ಚಿಕ್ಕ ಲಾರಿ, ನಾಲ್ಕು ಟನ್ನಿಗೆ ಚೂರು ಕಮ್ಮಿ. ಗಡಿ ಹತ್ರ ಒಂದು ಗೋಡೌನಿನಿಂದ. ಯಾವ ದೇಶದ್ದೋ ನಂಗೂ ಗೊತ್ತಿಲ್ಲ, ಡಬ್ಬದ ಮೇಲಿನ ಚೀಟಿ ಮೊದಲೇ ಕಿತ್ತಿದ್ರು. ಅರ್ಧ ಕರಗಿ ಮತ್ತೆ ಗಟ್ಟಿ ಮಾಡಿದ್ದು ಅಂತ ಮಾತ್ರ ಗೊತ್ತಾಯ್ತು."

"ಗೊತ್ತಾಗಿಯೂ ತಂದೆ."

"ಹೂಂ."

"ನನ್ನ ನಂಬರು ಹೇಗೆ ಹೋಯ್ತು ಅದರ ಮೇಲೆ?"

ಅವನು ಪಾತ್ರೆಯ ಮುಚ್ಚಳವನ್ನು ಸರಿಪಡಿಸಿದ. ಅದು ಸರಿಯಾಗಿಯೇ ಇತ್ತು. "ಆಫೀಸಿನ ಹುಡುಗಿ ರಜೆಯಲ್ಲಿದ್ಲು. ಕೂಮ ನನ್ನನ್ನೇ ಕೂರಿಸಿ, ಯಾವ ದಿನ ಹಣ್ಣು ಕಮ್ಮಿ ಬಂದಿದೆಯೋ ನೋಡಿ ಆ ದಿನಕ್ಕೆ ಹಾಕು ಅಂದ. ತಿರುವಿ ನೋಡಿದೆ. ಜುಲೈ ಮೂವತ್ತು ಪೂರ್ತಿ ಖಾಲಿ ಇತ್ತು. ಒಂದು ಕಿಲೋನೂ ಇಲ್ಲ. ಒಳ್ಳೇದಾಯ್ತು, ಒಂದೇ ದಿನಕ್ಕೆ ಎಲ್ಲ ಹಿಡಿಯುತ್ತೆ ಅಂದ್ಕೊಂಡೆ."

"ಕೊಯ್ಲಿನ ನಡುವೆ ಒಂದು ದಿನ ಯಾಕೆ ಖಾಲಿ ಅಂತ ಅನ್ನಿಸಲಿಲ್ವಾ?"

"ಇಲ್ಲ."

"ಯಾವ ದಿನ ಅಂತ ಹೊಳೀಲಿಲ್ವಾ?"

"ಇಲ್ಲಮ್ಮ. ರಸ್ತೆ ಮೇಲೆ ಇರೋನಿಗೆ ಎಲ್ಲ ದಿನಾನೂ ಒಂದೇ."

ರೊಸಾಂದಳಿಗೆ ಹಣ್ಣು ತಂದದ್ದಕ್ಕಿಂತ, ಸುಳ್ಳು ಬರೆದದ್ದಕ್ಕಿಂತ, ಈ ಮಾತು ತಾಗಿತು. ಹೊಟ್ಟೆಯಲ್ಲಿದ್ದಾಗಿನಿಂದ ಅವನನ್ನು ಆ ಮರದ ಕೆಳಗೆ ಕೂರಿಸಿದ್ದಳು. ಆರು ವರ್ಷದವನಿದ್ದಾಗ ಆ ದಿನ ಬೇಲಿಯ ಒಂದು ಹಣ್ಣು ಕಿತ್ತು ಬಾಯಿಗೆ ಹಾಕಿಕೊಂಡು, ಕೈ ಸುಟ್ಟುಹೋಗುತ್ತದೆ ಅಂತ ಸಂಜೆಯವರೆಗೆ ಅತ್ತಿದ್ದವನು. ಅವನಿಗೆ ಆ ದಿನ ಖಾಲಿ ಗೆರೆಯಾಗಿ ಕಂಡಿತ್ತು.

"ಮೊದಲ ನಂಬರೇ ನನ್ನದು ಯಾಕೆ?"

"ಬೇರೆಯವರದ್ದು ಮೊದಲು ಬರೆದ್ರೆ ನಾಳೆ ಜಗಳ ಆಗುತ್ತೆ. ನನ್ನ ತಾಯೀದೇ ಮೊದಲಿದ್ರೆ ಯಾರೂ ಬಾಯಿ ಬಿಡಲ್ಲ ಅಂದ್ಕೊಂಡೆ. ನೀನಂತೂ ಏನೂ ಕೇಳಲ್ಲ ಅಂತ..." ಅವನು ಪಾತ್ರೆಯನ್ನು ದೂರ ತಳ್ಳಿದ. "ಬರಹ ನನ್ನದಮ್ಮ. ಹನ್ನೆರಡು ಚೀಟೀನೂ ನನ್ನ ಕೈಯಲ್ಲೇ ಬರೆದದ್ದು. ನೀನು ನಾಳೆ ಸಹಿ ಹಾಕಿದ್ರೆ ಕೂಮನ ಹತ್ರ ವಕೀಲರಿದ್ದಾರೆ. ನನ್ನ ಹತ್ರ ಯಾರಿದಾರೆ?"

"ಕಂಡವರ ಮಕ್ಕಳನ್ನ ಬಾವಿಗೆ ತಳ್ಳಿ ಆಳ ನೋಡೋರನ್ನ ಕೇಳಿದೀನಿ," ಅಂದಳು ರೊಸಾಂದ. "ಹೆತ್ತವಳನ್ನ ತಳ್ಳಿ ನೋಡಿದೋನು ನೀನೇ ಮೊದಲಿರ್ಬೇಕು."

ಅವನು ಮುಖ ಮುಚ್ಚಿಕೊಂಡು ಅತ್ತ. ದೊಡ್ಡ ದೇಹ, ಅಳುವಾಗ ಕುರ್ಚಿ ಕಿರುಗುಟ್ಟುತ್ತಿತ್ತು. ಅವಳು ಹತ್ತಿರ ಹೋಗಲಿಲ್ಲ. ತಟ್ಟೆ ತಂದಿಟ್ಟು, ಸಾರು ಬಡಿಸಿ, ತನ್ನ ಕೋಣೆಗೆ ಹೋದಳು. ಅವಳಿಗೆ ಅವನ ಮೇಲೆ ಅಸಹ್ಯವೇ ಆಗಿತ್ತು, ಹೇಳುವುದಕ್ಕೆ ನಾಚಿಕೆಯಿಲ್ಲ. ಆದರೆ ಅಸಹ್ಯವಾಯಿತು ಅಂತ ಮಗನನ್ನು ಜೈಲಿಗೆ ಕೊಟ್ಟ ತಾಯಿಯನ್ನು ಯಾಸೆನ್ ಇನ್ನೂ ನೋಡಿಲ್ಲ.

ಬೆಳಗ್ಗೆ ಮಂಜು ಕವಿದಿತ್ತು. ಎಂಟೂವರೆಗೆ ಅವಳು ಸ್ಟೋರೇಜಿನ ಆಫೀಸಿನಲ್ಲಿದ್ದಳು. ಫ್ರೌ ಎಗ್ಗರ್ಸ್ ಕೋಟು ಹಾಕಿಕೊಂಡೇ ಕಾಫಿ ಕುಡಿಯುತ್ತಿದ್ದಳು, ಚೀಲ ಬಾಗಿಲ ಬಳಿ ಇತ್ತು. ದುಭಾಷಿ ಹುಡುಗಿ ಖಾಲಿ ಹಾಳೆ ಮತ್ತು ಪೆನ್ನನ್ನು ರೊಸಾಂದಳ ಕಡೆ ತಳ್ಳಿದಳು. ವೂಕೊಮಾನ್ ಇರಲಿಲ್ಲ. ಅವನಿಗೆ ಬರುವ ಅಗತ್ಯವೂ ಇರಲಿಲ್ಲ.

"ಬರೆಯೋದೇನಿಲ್ಲ," ಅಂದಳು ರೊಸಾಂದ. "ಕಿತ್ತೆ."

ಹುಡುಗಿ ತಲೆ ಎತ್ತಿದಳು. "ಏನಂದಿರಿ?"

"ಜುಲೈ ಮೂವತ್ತು. ನಾನೂ ಕಿತ್ತೆ. ಅವಳಿಗೆ ಹೇಳು."

ಹುಡುಗಿ ಹೇಳಿದಳು. ಜರ್ಮನ್ ಹೆಂಗಸು ಕಾಫಿ ಕೆಳಗಿಟ್ಟು ಎಷ್ಟು ಅಂತ ಕೇಳಿದಳು.

"ಅಲ್ಲಿ ಎಷ್ಟು ಬರೆದಿದೆಯೋ ಅಷ್ಟು."

"ನಿನ್ನೆ ಯಾಕೆ ಇಲ್ಲ ಅಂದಿರಿ?"

"ಪಾಪ ಮಾಡಿದೋರು ಮೊದಲು ಇಲ್ಲ ಅಂತಾನೇ ಅನ್ನೋದು."

ಫ್ರೌ ಎಗ್ಗರ್ಸ್ ಕೋಟು ಬಿಚ್ಚಿ ಕೂತಳು. ಇನ್ನೊಂದು ಹಾಳೆ ತೆಗೆದಳು. ಕೀಳುವವರಿಗೆ ತೋಟದಲ್ಲಿ ಶೌಚಾಲಯ ಇತ್ತೇ? ಕೈ ತೊಳೆಯಲು ನೀರು, ಸಾಬೂನು? ಅವರಲ್ಲಿ ಯಾರಿಗಾದರೂ ಹೊಟ್ಟೆ ಕೆಟ್ಟಿತ್ತೇ? ಕೇಳುವಾಗ ಅವಳ ದನಿಯಲ್ಲಿ ಬೈಗುಳ ಇರಲಿಲ್ಲ, ಒಂದು ಬಗೆಯ ಮರುಕ ಇತ್ತು. ಆ ಮರುಕ ರೊಸಾಂದಳಿಗೆ ಕೆನ್ನೆಗೆ ಹೊಡೆದ ಹಾಗಾಯಿತು.

ಅವಳ ತೋಟದಲ್ಲಿ ಪ್ರತಿ ಸಾಲಿನ ಕೊನೆಗೂ ನೀರಿನ ಕ್ಯಾನು ಇರುತ್ತಿತ್ತು, ಪಕ್ಕದಲ್ಲಿ ಸಾಬೂನು, ಒಗೆದು ಮಡಿಸಿದ ಟವೆಲು. ಕೀಳುವ ಹೆಂಗಸರು ಇದೇನು ಆಸ್ಪತ್ರೆನಾ ಅಂತ ಆಡಿಕೊಂಡು ನಗುತ್ತಿದ್ದರು.

"ನೀರಿರಲಿಲ್ಲ," ಅಂದಳು. "ಸಾಬೂನೂ ಇರಲಿಲ್ಲ. ಒಬ್ಬಳಿಗೆ ಹೊಟ್ಟೆ ಸರಿ ಇರಲಿಲ್ಲ. ಗೊತ್ತಿದ್ರೂ ಕೀಳ್ಸಿದೆ."

ಬರೆದು ಮುಗಿಸಿ ಫ್ರೌ ಎಗ್ಗರ್ಸ್ ಏನೋ ಹೇಳಿದಳು. ನಾನೂರ ಹದಿನೇಳನ್ನು ಪಟ್ಟಿಯಿಂದ ತೆಗೆಯುತ್ತೇವೆ, ಇನ್ನು ಮುಂದೆ ಯಾವ ಸ್ಟೋರೇಜೂ ನಿಮ್ಮ ಹಣ್ಣು ಕೊಳ್ಳುವುದಿಲ್ಲ, ಉಳಿದ ಹನ್ನೊಂದು ಜನರಿಗೆ ತೊಂದರೆಯಿಲ್ಲ ಅಂತ ಹುಡುಗಿ ಅನುವಾದಿಸಿದಳು. ರೊಸಾಂದ ತಲೆಯಾಡಿಸಿ ಸಹಿ ಹಾಕಿದಳು.

ಜರ್ಮನ್ ಹೆಂಗಸು ಕಾಗದ ತೆಗೆದುಕೊಳ್ಳುತ್ತ ಕೊನೆಯದಾಗಿ ಒಂದು ಪ್ರಶ್ನೆ ಕೇಳಿದಳು. ಸತ್ತವರ ಮಕ್ಕಳು ಕಾರಣ ಕೇಳುತ್ತಿದ್ದಾರಂತೆ, ನಿಮ್ಮ ಹಣ್ಣೇ ಅಂತ ಅವರಿಗೆ ಖಚಿತವಾಗಿ ಹೇಳಬಹುದೇ? ಹುಡುಗಿ ಅದನ್ನು ಅನುವಾದಿಸಿ, ಪೆನ್ನು ಕೆಳಗಿಟ್ಟು, ತಗ್ಗಿದ ದನಿಯಲ್ಲಿ ತನ್ನದೇ ಮಾತು ಸೇರಿಸಿದಳು. "ಅಜ್ಜಿ, ನಂಗೊತ್ತು ನೀವು ಕಿತ್ತಿಲ್ಲ. ಹೌದು ಅಂತ ನಾನು ಹೇಳಲ್ಲ ಅವಳಿಗೆ."

ರೊಸಾಂದ ಅವಳ ಕೈಯನ್ನು ಮೇಜಿನ ಮೇಲೆ ಒತ್ತಿ ಹಿಡಿದಳು.

"ಹೇಳಮ್ಮ. ಆ ಇಬ್ಬರೂ ನನ್ನ ಹಣ್ಣು ತಿಂದೇ ಸತ್ತಿದ್ದು ಅಂತ ಹೇಳು."

ಹುಡುಗಿ ಹೇಳಿದಳು.